ಅಮ್ಮ ತೆರೆದು ನೋಡದ ಡಬ್ಬಿ

ಬೆಳ್ಮಣ್, ಭಾನುವಾರ ಮಧ್ಯಾಹ್ನ

ಪ್ರೀತಿಯ ಆನ್ಸಿಲ್ಲಾ ಬಾಯಮ್ಮನಿಗೆ ಚೈತಾಲಿಯ ನಮಸ್ಕಾರ.

ನಿಮ್ಮ ತಮ್ಮ ಫೌಸ್ಟಿನ್ ಅಂಕಲ್ ಕುವೈತಿನಿಂದ ತಂದುಕೊಟ್ಟ ಪಾರ್ಸೆಲನ್ನು ನಾವು ಇನ್ನೂ ಬಿಚ್ಚಿಲ್ಲ. ಒಂದು ವಾರದಿಂದ ಅದು ಜಗಲಿಯ ಬೆಂಚಿನ ಮೇಲೆ, ಅವರು ಇಟ್ಟು ಹೋದ ಜಾಗದಲ್ಲೇ ಇದೆ. ಅಮ್ಮ ಬೆಂಚಿನ ಅಡಿಯಲ್ಲೆಲ್ಲ ಗುಡಿಸುತ್ತಾಳೆ, ಅದನ್ನು ಮಾತ್ರ ಮುಟ್ಟುವುದಿಲ್ಲ. ಬೇರೆ ವರ್ಷಗಳಲ್ಲಿ ಅಂಕಲ್‌ನ ಸ್ಕೂಟರು ಗೇಟು ದಾಟುವ ಮೊದಲೇ ಅಮ್ಮ ಕತ್ತಿ ತಂದು ಟೇಪು ಕೊಯ್ದಾಗಿರುತ್ತಿತ್ತು. ಸೋಪು, ಹಾಲಿನ ಪುಡಿ, ಸೊಂಟನೋವಿನ ಮುಲಾಮು, ಖರ್ಜೂರ. ಒಂದೊಂದನ್ನೂ ಮೂಸಿ, "ಬಾಯಮ್ಮನ ಪೆಟ್ಟಿಗೆಯ ಪರಿಮಳವೇ ಬೇರೆ" ಎನ್ನುತ್ತಿದ್ದಳು. ಈ ಸಲ ಪಾರ್ಸೆಲ್ ಬರುವುದೇ ಇಲ್ಲ ಎಂದು ಹೆದರಿದ್ದೆವು. ಬಂದ ಮೇಲೆ ಅದನ್ನು ಕಂಡರೇ ಹೆದರಿಕೆಯಾಗುತ್ತಿದೆ.

"ಒಳಗೆ ಎಂತ ಉಂಟು ಅಂಕಲ್?" ಎಂದು ನಾನು ಕೇಳಿದೆ. ಅವರು ಹೆಲ್ಮೆಟ್ ತೆಗೆಯದೆಯೇ ನಕ್ಕರು. "ಏರ್‌ಪೋರ್ಟಲ್ಲಿಯೂ ಅದೇ ಕೇಳಿದ್ರು ಮಾರಾಯ್ತಿ. ಸೋಪು ಅಂದೆ. ದೇವರಿಗೇ ಗೊತ್ತು." ಅಮ್ಮ ಬಾಗಿಲ ಮರೆಯಲ್ಲಿ ನಿಂತು, "ನಿಮ್ಮ ಅಕ್ಕ ಎಂತಾದರೂ ಹೇಳಿದ್ರಾ?" ಎಂದಳು. "ಅವಳು ಡ್ಯೂಟಿಯಲ್ಲಿದ್ಳು. ಸಿಗ್ಲೇ ಇಲ್ಲ. ಇದನ್ನು ಅವಳ ರೂಮಿನ ಹುಡುಗಿ ತಂದುಕೊಟ್ಟದ್ದು." ಅಂಕಲ್ ಸುಳ್ಳು ಹೇಳುವವರಲ್ಲ. ಆದರೆ ಅವರು ಅಮ್ಮನ ಮುಖ ನೋಡದೆ ಸ್ಕೂಟರಿನ ಕನ್ನಡಿ ನೋಡುತ್ತಾ ಹೇಳಿದರು.

ನಾಳೆ ಬೆಳಿಗ್ಗೆ ಅವರು ಮಂಗಳೂರಿನಿಂದ ವಿಮಾನ ಹತ್ತುತ್ತಾರೆ. ಅಮ್ಮನ ಹಲಸಿನ ಹಪ್ಪಳದ ಕಟ್ಟಿನ ಜೊತೆ ಈ ಪತ್ರವೂ ನಿಮ್ಮ ಕೈಗೆ ಬರುತ್ತದೆ. ನಾವು ತುಳುವಿನಲ್ಲಿ ಮಾತಾಡಿಕೊಂಡವರು. ಕನ್ನಡದಲ್ಲಿ ನಿಮಗೆ ಹೀಗೆ ಬರೆಯುವುದು ಯಾರದೋ ಮನೆಯ ಕುರ್ಚಿಯಲ್ಲಿ ಕೂತ ಹಾಗೆ ಆಗುತ್ತಿದೆ. ಆದರೆ ಫೋನಿನಲ್ಲಿ ನನಗೆ ಮಾತು ಬರುವುದಿಲ್ಲ. ಎದುರಿಗಿದ್ದವರು ಸ್ವಲ್ಪ ಜೋರಾಗಿ ಹೇಳಿದರೂ ನನ್ನ ತಲೆ ತಾನಾಗಿ ಹೌದು ಹೌದು ಎಂದು ಆಡಿಬಿಡುತ್ತದೆ. ಬರೆಯುವಾಗ ಮಾತ್ರ ಅದು ಸ್ವಲ್ಪ ನೆಟ್ಟಗೆ ನಿಲ್ಲುತ್ತದೆ.

ಲಾಕರಿನ ವಿಷಯವನ್ನು ಅಮ್ಮ ನಿಮಗೆ ಅರ್ಧ ಹೇಳಿ ಅಳಲು ಶುರುಮಾಡಿದಳು. ನೀವು "ಆಯ್ತು ಗುಣವತಿ" ಎಂದಿರಿ. ಅಷ್ಟೇ. ಆಮೇಲೆ ಭಾನುವಾರದ ನಿಮ್ಮ ಫೋನು ಬರುವುದು ನಿಂತುಹೋಯಿತು. ಅಮ್ಮ ಈಗಲೂ ಭಾನುವಾರ ಫೋನನ್ನು ಅಡುಗೆಮನೆಯ ಕಿಟಕಿಯಲ್ಲಿ, ಸಿಗ್ನಲ್ ಸಿಗುವ ಮೂಲೆಯಲ್ಲಿ ಇಟ್ಟುಕೊಂಡೇ ಮೀನು ಕೊಯ್ಯುತ್ತಾಳೆ. ಈಗ ಇದನ್ನು ಬರೆಯುವಾಗಲೂ ಅದು ಅಲ್ಲೇ ಇದೆ. ಹಾಗಾಗಿ ಉಳಿದ ಅರ್ಧವನ್ನು ನಾನು ಹೇಳಬೇಕು.

ನಮ್ಮೂರಿನ ಬ್ಯಾಂಕು ಇನ್ನೊಂದು ಬ್ಯಾಂಕಿನ ಜೊತೆ ಸೇರಿದ ಮೇಲೆ ಇಲ್ಲಿಯ ಶಾಖೆ ಮುಚ್ಚಿತು. ಲಾಕರುಗಳನ್ನೆಲ್ಲ ಕಾರ್ಕಳಕ್ಕೆ ಸಾಗಿಸಿದರು. ಲಾಕರಿನ ಬಾಡಿಗೆ ಅಮ್ಮನ ಖಾತೆಯಿಂದ ತಾನಾಗಿ ಹೋಗುತ್ತಿತ್ತಲ್ಲ, ಖಾತೆಯ ಸಂಖ್ಯೆ ಬದಲಾದಾಗ ಅದು ನಿಂತಿತು. ಖಾತೆಯಲ್ಲಿ ಹಣ ಇತ್ತು. ಅವರು ತೆಗೆದುಕೊಳ್ಳಲಿಲ್ಲ, ನಮಗೆ ತಿಳಿಯಲಿಲ್ಲ. ಅವರು ನೋಟೀಸು ಕಳಿಸಿದ್ದು ಕಾಪುವಿನ ಹಳೆಯ ಬಾಡಿಗೆ ಮನೆಗೆ. ಅಪ್ಪ ತೀರಿಕೊಂಡ ಮೇಲೆ ನಾವು ಅದನ್ನು ಬಿಟ್ಟು ಇಲ್ಲಿಗೆ ಬಂದದ್ದು, ಅಮ್ಮ ಬ್ಯಾಂಕಿಗೆ ಹೊಸ ವಿಳಾಸ ಕೊಟ್ಟದ್ದು ನಿಮಗೂ ಗೊತ್ತು, ಅರ್ಜಿ ಬರೆದುಕೊಟ್ಟವರೇ ನೀವು. ಎರಡು ಬ್ಯಾಂಕು ಒಂದಾಗುವಾಗ ಅವರ ಕಂಪ್ಯೂಟರಿನಲ್ಲಿ ಹಳೆಯ ಮನೆಯೇ ಮತ್ತೆ ಬಂದು ಕೂತಿತ್ತು. ನೋಟೀಸು ವಾಪಸಾಯಿತು. ಬಾಡಿಗೆ ಕಟ್ಟದವರು, ಪತ್ತೆಯಿಲ್ಲದವರು ಎಂದು ನಮ್ಮ ಲಾಕರನ್ನು ಒಡೆದರು.

ನಿಮ್ಮ ಮಗಳು ಕ್ಯಾರಲ್‌ಗೆ ಗಂಡು ಗೊತ್ತಾಗಿ, "ನನ್ನ ಡಬ್ಬಿಯನ್ನು ತಂದಿಡಿ ಗುಣವತಿ, ನಾನು ಬರುವಾಗ ಬೇಕು" ಎಂದು ನೀವು ಹೇಳಿದ ಮೇಲೆ ನಾವಿಬ್ಬರೂ ಕಾರ್ಕಳಕ್ಕೆ ಹೋದದ್ದು. ಕೀಲಿಕೈ ಒಳಗೆ ಹೋಗಲಿಲ್ಲ. ಅಮ್ಮ ಅದನ್ನು ಸೆರಗಿನಲ್ಲಿ ಒರೆಸಿ ಮತ್ತೆ ಹಾಕಿದಳು. ಆಮೇಲೆ ನಾನು ನೋಡಿದೆ: ಅಕ್ಕಪಕ್ಕದ ಬೀಗಗಳೆಲ್ಲ ಕಂದಿದ್ದವು, ನಮ್ಮದು ಮಾತ್ರ ಹೊಳೆಯುತ್ತಿತ್ತು. ಮೆನೇಜರು ನಮಗಿಬ್ಬರಿಗೂ ಕುರ್ಚಿ ಹಾಕಿಸಿದರು, ನೀರು ತರಿಸಿದರು, ಆಮೇಲೆ ಹೇಳಿದರು. "ಒಡೆಯುವಾಗ ಇಬ್ಬರು ಸಾಕ್ಷಿಗಳಿದ್ದರು ಮೇಡಂ. ಖಾಲಿ ಇತ್ತು."

"ಯಾವುದು ಖಾಲಿ?" ಎಂದಳು ಅಮ್ಮ. ಅವಳಿಗೆ ನಿಜವಾಗಿಯೂ ಅರ್ಥವಾಗಿರಲಿಲ್ಲ.

ಬೆಳ್ಮಣ್‌ವರೆಗೂ ಬಸ್ಸಿನಲ್ಲಿ ಅವಳು ಆ ಕೀಲಿಕೈಯನ್ನು ಮುಷ್ಟಿಯಲ್ಲೇ ಹಿಡಿದಿದ್ದಳು. ಇಳಿಯುವಾಗ ಅಂಗೈಯಲ್ಲಿ ಅದರ ಹಲ್ಲುಗಳ ಗುರುತು ಬಿದ್ದಿತ್ತು. ಅವಳ ಬಳೆ, ಅಪ್ಪ ಮಾಡಿಸಿಕೊಟ್ಟ ಸರ ಅದರಲ್ಲೇ ಇದ್ದವಲ್ಲ, ಅವುಗಳ ಮಾತೇ ಬರಲಿಲ್ಲ. "ಬಾಯಮ್ಮನಿಗೆ ಹೇಗೆ ಹೇಳುವುದು?" ಎಂದು ಒಮ್ಮೆ ಕೇಳಿದಳು. ಆಮೇಲೆ ಕಿಟಕಿಯ ಕಡೆ ತಿರುಗಿದಳು.

ನೀವು ಡಬ್ಬಿ ಕೊಟ್ಟ ದಿನ ನನಗೆ ಚೆನ್ನಾಗಿ ನೆನಪಿದೆ. ಗಲ್ಫಿನ ಚಾಕಲೇಟಿನ ಉದ್ದ ತಗಡಿನ ಡಬ್ಬಿ, ಮುಚ್ಚಳದ ಮೇಲೆ ಹಿಮದಲ್ಲಿ ನಿಂತ ಕುದುರೆಗಾಡಿ. ಅದನ್ನು ಹಳೆಯ ದಿಂಬಿನ ಹೊದಿಕೆಯಲ್ಲಿ ಸುತ್ತಿ ತಂದಿದ್ದಿರಿ. ಮರುದಿನ ನೀವು ಕುವೈತಿಗೆ ಹೊರಡುವವರು. ಕ್ಯಾರಲ್‌ಗೆ ಎಂದು ಇಟ್ಟದ್ದು ಇದರಲ್ಲಿ ಉಂಟು ಎಂದು ಹೇಳಿ ಮುಚ್ಚಳಕ್ಕೆ ಉಗುರು ಹಾಕಿದಿರಿ. "ಒಮ್ಮೆ ನೋಡಿ ಮಾರಾಯ್ರೆ, ನಾಳೆ ಮಾತು ಬರಬಾರದು." ಅಮ್ಮ ಅಂಗೈಯನ್ನು ಮುಚ್ಚಳದ ಮೇಲೆ ಒತ್ತಿ ಹಿಡಿದಳು. "ಬೇಡ ಬಾಯಮ್ಮ. ನೋಡಿದ್ದು ಕಣ್ಣಲ್ಲಿ ಉಳೀತದೆ. ಕಣ್ಣಲ್ಲಿ ಉಳಿದದ್ದು ಆಸೆ ಆಗ್ತದೆ." ನೀವು ನಕ್ಕಿರಿ. "ನಿಮ್ಮಂಥವರನ್ನು ಬ್ಯಾಂಕಿನವರೇ ಲಾಕರಿನ ಹಾಗೆ ಬಾಡಿಗೆಗೆ ಇಟ್ಕೊಳ್ಬೇಕು" ಎಂದಿರಿ. ಇಬ್ಬರೂ ನಕ್ಕದ್ದಕ್ಕೆ ಹಂಡೆಯ ಮೇಲೆ ಮಲಗಿದ್ದ ಬೆಕ್ಕು ಎದ್ದು ಹೋಯಿತು.

ಕಾಗದ ಇಲ್ಲ, ಲೆಕ್ಕ ಇಲ್ಲ. ನಮ್ಮ ಎರಡು ಮನೆಗಳ ನಡುವೆ ಯಾವತ್ತೂ ಹಾಗೆಯೇ ಅಲ್ವಾ? ನೀವು ಕ್ರಿಸ್ಮಸಿನ ಕುಸ್ವಾರ್ ತಿಂಡಿ ಕಳಿಸಿದ ತಟ್ಟೆ ನಮ್ಮಲ್ಲಿ ವರ್ಷಗಟ್ಟಲೆ ಇರುತ್ತಿತ್ತು, ನಮ್ಮ ಕಡುಬಿನ ಪಾತ್ರೆ ನಿಮ್ಮಲ್ಲಿ. ಇನ್ನೊಬ್ಬರು ನಂಬಿ ಇಟ್ಟದ್ದನ್ನು ತೆರೆದು ನೋಡಬಾರದು ಎನ್ನುವುದು ಅಮ್ಮನಿಗೆ ಅವಳ ಅಮ್ಮನಿಂದ ಬಂದ ಮಾತು. ಅದೇ ಮಾತು ಈಗ ನಮ್ಮ ಕುತ್ತಿಗೆಗೆ ಬಂದಿದೆ.

ಬ್ಯಾಂಕಿನ ಮೇಲೆ ದೂರು ಕೊಡಿಸಿದವರು ಕಾಪುವಿನ ಧರ್ಮಪಾಲ ವಕೀಲರು. ಅಪ್ಪನ ಪರಿಚಯದವರು, ಒಳ್ಳೆಯವರು. ಮಣಿಪಾಲದಲ್ಲಿ ಗ್ರಾಹಕರ ಆಯೋಗ ಇದೆ, ನಾನು ಪ್ರೂಫ್ ನೋಡುವ ಮುದ್ರಣಾಲಯಕ್ಕೂ ಅದಕ್ಕೂ ಬಹಳ ದೂರವಿಲ್ಲ. ಎಷ್ಟೋ ಸಲ ಆ ದಾರಿಯಲ್ಲೇ ಪರ್ಕಳದಲ್ಲಿ ನಾನಿರುವ ರೂಮಿಗೆ ಹೋಗಿದ್ದೇನೆ. ಈಗ ಬಸ್ಸು ಅಲ್ಲಿ ನಿಂತರೆ ತಲೆ ತಗ್ಗಿಸುತ್ತೇನೆ. ಲಾಕರು ಅಮ್ಮನ ಮತ್ತು ನನ್ನ ಹೆಸರಿನಲ್ಲಿ ಜಂಟಿಯಾಗಿ ಇದ್ದದ್ದರಿಂದ ನಾನೂ ದೂರುದಾರಳು. "ಇವಳು ಓದಿದವಳು, ಇವಳೇ ಹೇಳ್ತಾಳೆ" ಎಂದುಬಿಟ್ಟಳು ಅಮ್ಮ. ಕನ್ನಡ ಎಂ.ಎ. ಓದಿದವರಿಗೆ ಮಾತು ಬರುತ್ತದೆ ಎಂದು ಅವಳು ತಿಳಿದಿದ್ದಾಳೆ.

ಕಳೆದ ತಿಂಗಳು ಬ್ಯಾಂಕಿನ ವಕೀಲರು ನನ್ನನ್ನು ಪ್ರಶ್ನೆ ಕೇಳಿದರು. ಗದರಿಸಲಿಲ್ಲ. ಗದರಿಸಿದ್ದರೆ ಚೆನ್ನಾಗಿತ್ತು. "ಡಬ್ಬಿ ಇತ್ತು ಅಂತೀರಿ. ಒಳಗೆ ಏನಿತ್ತು?" ಗೊತ್ತಿಲ್ಲ ಎಂದೆ. "ಹತ್ತು ವರ್ಷ ನಿಮ್ಮ ಲಾಕರಿನಲ್ಲಿದ್ದ ಡಬ್ಬಿಯನ್ನು ಒಮ್ಮೆಯೂ ತೆರೆದು ನೋಡಲಿಲ್ಲ?" ಇಲ್ಲ ಎಂದೆ. ಅವರು ಕನ್ನಡಕ ತೆಗೆದು ನಕ್ಕರು. "ನೀವು ಸಾಹಿತ್ಯ ಓದಿದವರಲ್ವಾ? ಕಲ್ಪನೆ ಚೆನ್ನಾಗಿದೆ." ಹಿಂದೆ ಕೂತಿದ್ದವರೆಲ್ಲ ನಕ್ಕರು. ಆಯೋಗದ ಸದಸ್ಯೆ ಮಾತ್ರ ನಗದೆ ನನ್ನನ್ನೇ ನೋಡುತ್ತಾ, "ಹೇಳಮ್ಮ, ಇನ್ನೇನಾದರೂ ಹೇಳುವುದಿದೆಯಾ?" ಎಂದರು. ಹೇಳುವುದಿತ್ತು. ಗಂಟಲಿನಿಂದ ಮೇಲೆ ಬರಲಿಲ್ಲ. ಅಷ್ಟರಲ್ಲಿ ಮುಂದಿನ ತಾರೀಕು ಕೊಟ್ಟರು, ಅದು ನಾಳೆ.

ಅದೇ ದಿನ ಹೊರಗಿನ ಜಗಲಿಯಲ್ಲಿ ಬ್ಯಾಂಕಿನವರು ರಾಜಿಯ ಮಾತು ತೆಗೆದರು. ಅಮ್ಮನ ಬಳೆ ಮತ್ತು ಸರಕ್ಕೆ ಅಂಗಡಿಯ ಬಿಲ್ಲು ಇದೆ, ಅವುಗಳ ಬೆಲೆ ಕೊಡುತ್ತಾರಂತೆ. ಮನಸ್ಸಿಗೆ ಆದ ತೊಂದರೆಗೆ ಎಂದು ಸ್ವಲ್ಪ ಬೇರೆ. ತಪ್ಪು ಒಪ್ಪಿಕೊಳ್ಳುವುದಿಲ್ಲ, ಆದರೆ ಕೊಡುತ್ತಾರೆ. ನಾವು ಒಂದು ಕಾಗದಕ್ಕೆ ಸಹಿ ಹಾಕಬೇಕು, ಅಷ್ಟೇ. ಆ ಕಾಗದವನ್ನು ನಾನು ಪ್ರೂಫ್ ಓದುವ ಹಾಗೆ ಬೆರಳಿಟ್ಟು ಓದಿದೆ. ನಡುವೆ ಒಂದು ಸಾಲು: "ಮೇಲೆ ಹೇಳಿದ ಆಭರಣಗಳ ಹೊರತು ಲಾಕರಿನಲ್ಲಿ ಬೇರೆ ಯಾವ ವಸ್ತುವೂ ಇರಲಿಲ್ಲ."

ಬಾಯಮ್ಮ, ಪುಟದಿಂದ ಒಂದು ಸಾಲು ತೆಗೆಯುವುದು ನನ್ನ ದಿನದ ಕೆಲಸ. ತೆಗೆದ ಕೂಡಲೇ ಕೆಳಗಿನ ಸಾಲು ಮೇಲೆ ಬಂದು ಜಾಗ ಮುಚ್ಚಿಕೊಳ್ಳುತ್ತದೆ. ಅಲ್ಲಿ ಏನೋ ಇತ್ತು ಎಂದು ಓದುವವರಿಗೆ ತಿಳಿಯುವುದೇ ಇಲ್ಲ.

ಕಾಪುವಿನ ತಮ್ಮ ಮನೆಯಲ್ಲಿ ಧರ್ಮಪಾಲ ವಕೀಲರು ನಮ್ಮನ್ನು ಕೂರಿಸಿ ಬಿಡಿಸಿ ಹೇಳಿದರು. ಕಿಟಕಿಯಾಚೆ ಸಮುದ್ರ ಒಂದೇ ಸಮನೆ ಬಡಿಯುತ್ತಿತ್ತು, ಅವರು ಸ್ವರ ಎತ್ತರಿಸಬೇಕಾಯಿತು. "ನೋಡು ಮಗಾ. ನಾಳೆ ಆ ಬಾಯಮ್ಮ ಬಂದು ನನ್ನದೂ ಇತ್ತು ಅಂದ್ರೆ? ಅದಕ್ಕೆ ಹೆದರಿ ಆ ಸಾಲು ಹಾಕಿದ್ದು. ನೀನು ಸಹಿ ಹಾಕಿದ್ರೆ ಅವರ ದಾರಿ ಮುಚ್ತದೆ, ಅದು ಸತ್ಯ. ಹಾಕದಿದ್ರೆ ನಿಮ್ಮದೂ ಹೋದೀತು. ಒಳಗೆ ಎಂತ ಇತ್ತು ಗೊತ್ತಿಲ್ಲ, ಆದ್ರೆ ಡಬ್ಬಿ ಇತ್ತು ಅಂದ್ರೆ, ಗಾಳಿ ಇತ್ತು ಅಂತಾರೆ ಅವರು. ಬೇರೆಯವರ ಸೊತ್ತು ನಿಮ್ಮ ಲಾಕರಿನಲ್ಲಿ ಯಾಕೆ ಇಟ್ರಿ ಅಂತ ನಿಮ್ಮ ಮೇಲೆಯೇ ತಿರುಗಿಸ್ತಾರೆ." ಅಮ್ಮ, "ವಕೀಲರೇ, ಕಾಗದದಲ್ಲಿ ಡಬ್ಬಿ ಇಲ್ಲದಿದ್ರೆ ನಾನು ಅದನ್ನು ತಿಂದ ಹಾಗೆ ಅಲ್ವಾ?" ಎಂದಳು. ಅವರು ಲೋಟವನ್ನು ನಮ್ಮ ಕಡೆ ಸರಿಸಿದರು. ಚಾ ತಣ್ಣಗಾಯಿತು ಎಂದರು.

ವಾಪಸು ಬರುವಾಗ ನಂದಿಕೂರಿನ ವಿದ್ಯುತ್ ಸ್ಥಾವರದ ಚಿಮಣಿ ಬಸ್ಸಿನ ಕಿಟಕಿಯಲ್ಲಿ ಬಹಳ ಹೊತ್ತು ನಮ್ಮ ಜೊತೆಗೇ ಬಂತು. ಈ ನಡುವೆ ನನಗೆ ಎಲ್ಲವೂ ನಮ್ಮನ್ನೇ ನೋಡುತ್ತಿರುವ ಹಾಗೆ ಕಾಣುತ್ತದೆ.

ಊರಿನಲ್ಲಿ ಮಾತು ಶುರುವಾಗಿದೆ, ನಿಮ್ಮ ಕಿವಿಗೂ ಬಿದ್ದಿರಬಹುದು. ಮಳೆಗೆ ಮೊದಲು ಸೊಸೈಟಿಯಲ್ಲಿ ಸಾಲ ತೆಗೆದು ಮನೆಯ ಸೋರುವ ಮಾಡಿಗೆ ಶೀಟು ಹಾಕಿಸಿದೆವು. ಹಿಟ್ಟಿನ ಗಿರಣಿಯಲ್ಲಿ ಕುಶಲಕ್ಕ ಎಲ್ಲರೆದುರೇ, "ಎಂತ ಗುಣವತಿ, ಮಾಡು ಫಳಫಳ ಹೊಳೀತದೆ! ನಮಗೂ ಯಾರಾದ್ರೂ ಡಬ್ಬಿ ಕೊಟ್ಟು ಗಲ್ಫಿಗೆ ಹೋಗ್ಬಾರ್ದಾ!" ಎಂದರಂತೆ. ಅಮ್ಮ ಅಕ್ಕಿಯನ್ನು ಬೀಸಿಸದೆ ವಾಪಸು ಹೊತ್ತು ತಂದಳು. ಈಗ ಅವಳು ಬೇಕಾದ್ದಕ್ಕೂ ಪೇಟೆಗೆ ಹೋಗುವುದಿಲ್ಲ. ಅವಳು ಬದುಕಿರುವಾಗಲೇ ಊರು ಅವಳಿಗೆ ಕಳ್ಳಿ ಎಂಬ ಹೆಸರಿಡುತ್ತದೆಯೋ ಎಂಬ ಹೆದರಿಕೆ ನನ್ನದು. ಹೆಸರು ಒಮ್ಮೆ ಬಿದ್ದರೆ ಯಾವ ಆಯೋಗವೂ ಅದನ್ನು ತೆಗೆಯುವುದಿಲ್ಲ.

ಹಳೆಯ ಶಾಖೆಯಲ್ಲಿ ಅಟೆಂಡರ್ ಆಗಿದ್ದ ಲೂಯಿಸ್ ಅವರ ಮನೆಗೂ ಸಾಕ್ಷಿ ಕೇಳಲು ಹೋಗಿದ್ದೆವು. ವರ್ಷಕ್ಕೊಮ್ಮೆ ಅಮ್ಮ ಲಾಕರು ತೆರೆದು, ನಿಮ್ಮ ಡಬ್ಬಿಯನ್ನು ಹೊರಗಿಟ್ಟು, ಧೂಳು ಒರೆಸಿ ಮತ್ತೆ ಇಡುವಾಗ ಬಾಗಿಲಲ್ಲಿ ನಿಲ್ಲುತ್ತಿದ್ದವರು ಅವರೇ. "ನಾನು ಬಾಗಿಲಿಗೆ ಬೆನ್ನು ಹಾಕಿ ನಿಲ್ಲುವವ ಅಕ್ಕ" ಎಂದರು. "ಗಿರಾಕಿಯದ್ದು ನೋಡಬಾರದು ಅಂತ ನಮಗೆ ಹೇಳಿಕೊಟ್ಟದ್ದು." ಅವರ ಹೆಂಡತಿ ಒಳಗಿನಿಂದ ಪೆನ್ಶನ್ ಎಂದೇನೋ ಹೇಳಿದರು. ಅವರೂ ನಮ್ಮ ಹಾಗೆಯೇ ಹೆದರಿದ್ದರು. ನನಗೆ ಸಿಟ್ಟು ಬರಲಿಲ್ಲ.

ನಿಮ್ಮ ಪಾರ್ಸೆಲ್ ಬಂದಿದೆ ಎಂದು ಗೊತ್ತಾದ ಕೂಡಲೇ ವಕೀಲರು ಫೋನಿನಲ್ಲಿ ಕೂಗಿದರು. "ಬಿಚ್ಚಿ ಮಾರಾಯ್ರೆ! ಒಳಗೆ ಅವರು ಚೀಟಿ ಇಟ್ಟಿರಬಹುದು. ಡಬ್ಬಿಯಲ್ಲಿ ಇಂಥಿಂಥದ್ದು ಇತ್ತು ಅಂತ ಬರೆದಿದ್ರೆ ಸೋಮವಾರ ಹುಡುಗಿಗೆ ಹೇಳ್ಲಿಕ್ಕೆ ಎಂತಾದ್ರೂ ಇರ್ತದೆ." ನಾನು ಕತ್ತಿ ತಂದೆ. ಅಮ್ಮ ಅಂದಿನ ಹಾಗೆಯೇ ಅಂಗೈಯನ್ನು ಪಾರ್ಸೆಲಿನ ಮೇಲಿಟ್ಟಳು.

"ಮೊದಲು ಹೇಳಿ ಬಾ. ಮತ್ತೆ ಬಿಚ್ಚುವ."

ನಾನು ವಾದಿಸಿದೆ. ಅಮ್ಮನ ಹತ್ತಿರ ಮಾತ್ರ ನನಗೆ ವಾದ ಬರುತ್ತದೆ. ಅವಳು ಕೇಳಿಸಿಕೊಂಡು ಹೇಳಿದಳು: "ಬಾಯಮ್ಮ ನಮ್ಮನ್ನು ನಂಬಿದ್ದಾರೆ ಅಂತ ಇದರಲ್ಲಿ ಇದ್ದರೆ ನೀನು ಧೈರ್ಯದಲ್ಲಿ ಹೇಳ್ತಿ. ನಂಬುವುದಿಲ್ಲ ಅಂತ ಇದ್ದರೆ ಸಿಟ್ಟಿನಲ್ಲಿ ಸಹಿ ಹಾಕಿ ಬರ್ತಿ. ಡಬ್ಬಿ ಇದ್ದದ್ದು ಅವರು ನಂಬಿದರೂ ಇತ್ತು, ನಂಬದಿದ್ರೂ ಇತ್ತು. ನೀನು ಡಬ್ಬಿ ಇತ್ತು ಅಂತ ಹೇಳು. ಒಳಗೆ ಎಂತ ಇತ್ತು ನನಗೆ ಗೊತ್ತಿಲ್ಲ ಅಂತಲೂ ಹೇಳು. ಎರಡೂ ಹೇಳು."

ಎರಡೂ ಹೇಳುವುದು. ಅವರು ಮತ್ತೆ ನಗುತ್ತಾರೆ. ಆ ನಗು ಈಗಲೇ, ಈ ಬಿಸಿಲಿನಲ್ಲೂ ನನ್ನ ಬೆನ್ನ ಮೇಲೆ ಓಡಾಡುತ್ತಿದೆ. ನಾಳೆ ಶಿರ್ವದ ದಾರಿಯ ಬಸ್ಸಿನಲ್ಲಿ ಅಮ್ಮನ ಪಕ್ಕ ಕೂತು ಹೋಗುವಾಗ, ಮೆಟ್ಟಿಲು ಹತ್ತುವಾಗ, ನನ್ನ ಹೆಸರು ಕೂಗುವಾಗ, ಪ್ರತಿ ಸಲವೂ ನನಗೆ ಓಡಿಹೋಗಬೇಕು ಎನಿಸುತ್ತದೆ. ಆ ವಕೀಲರು ಮೆತ್ತಗೆ, "ಸಹಿ ಹಾಕ್ತೀರಲ್ವಾ?" ಎಂದಾಗ ನನ್ನ ತಲೆ ತಾನಾಗಿ ಆಡೀತೋ ಎಂಬುದು ಎಲ್ಲಕ್ಕಿಂತ ದೊಡ್ಡ ಹೆದರಿಕೆ. ಅದಕ್ಕೇ ಇವತ್ತೇ ಬರೆಯುತ್ತಿದ್ದೇನೆ ಬಾಯಮ್ಮ. ನಿಮ್ಮಿಂದ ಸಾಕ್ಷಿ ಬೇಕೆಂದು ಬರೆದದ್ದಲ್ಲ. ಸಾಯಂಕಾಲ ಅಂಕಲ್ ಬಂದು ಈ ಪತ್ರ ತೆಗೆದುಕೊಂಡು ಹೋದರೆ, ಅದರಲ್ಲಿರುವ ಮಾತನ್ನು ನಾನು ವಾಪಸು ತರಲಾರೆ. ಆಮೇಲೆ ತಲೆ ಆಡಿಸಿದರೆ ನಿಮ್ಮ ಕೈಯಲ್ಲಿರುವ ಕಾಗದಕ್ಕೆ ನಾನೇ ಸುಳ್ಳಿಯಾಗುತ್ತೇನೆ.

ಆದ್ದರಿಂದ ನಾಳೆ ಅಲ್ಲಿ ಹೇಳಬೇಕಾದ್ದನ್ನು ಇವತ್ತು ನಿಮ್ಮ ಎದುರು ಹೇಳುತ್ತೇನೆ. ಡಬ್ಬಿ ಇತ್ತು. ಅದರ ಮುಚ್ಚಳದ ಮೇಲೆ ಹಿಮದಲ್ಲಿ ನಿಂತ ಕುದುರೆಗಾಡಿ ಇತ್ತು. ನೀವು ಹೊರಟ ದಿನ ಅಮ್ಮ ಅದನ್ನು ಪೇಟೆಯ ಲಾಕರಿಗೆ ಇಡಲು ಹೋಗುವಾಗ ಬಸ್ಸಿನಲ್ಲಿ ನನ್ನ ಮಡಿಲಲ್ಲಿ ಕೂರಿಸಿದ್ದಳು. ಅದು ಭಾರವಾಗಿತ್ತು. ನನ್ನ ತೊಡೆಗೆ ತಣ್ಣಗೆ ತಾಗುತ್ತಿತ್ತು. ಹೊಂಡ ಬಂದಾಗಲೆಲ್ಲ ನಾನು ಎರಡೂ ಕೈಯಲ್ಲಿ ತಬ್ಬಿ ಹಿಡಿಯುತ್ತಿದ್ದೆ. ಒಳಗೆ ಏನಿತ್ತು ಎಂದು ನನಗೆ ಗೊತ್ತಿಲ್ಲ. ನನ್ನ ಅಮ್ಮನಿಗೂ ಗೊತ್ತಿಲ್ಲ. ನಾವು ನೋಡಲಿಲ್ಲ. ಆ ಸಾಲು ಇರುವ ಕಾಗದಕ್ಕೆ ನಾನು ಸಹಿ ಹಾಕುವುದಿಲ್ಲ.

ಇಷ್ಟು ಬರೆದ ಮೇಲೂ ಹೆದರಿಕೆ ಹೋಗಿಲ್ಲ. ಪೆನ್ನು ಮಾತ್ರ ನಿಂತಿಲ್ಲ.

ನಾಳೆ ಮಣಿಪಾಲದಿಂದ ಬಂದ ಮೇಲೆ ಪಾರ್ಸೆಲ್ ಬಿಚ್ಚುತ್ತೇವೆ. ಒಳಗೆ ಸೋಪು ಇದ್ದರೆ ಅಮ್ಮ ಮೂಸಿ ನೋಡಿ ಅಳುತ್ತಾಳೆ. ಲೆಕ್ಕದ ಚೀಟಿ ಇದ್ದರೆ ಅದನ್ನು ನನ್ನಿಂದ ಓದಿಸಿ, ಆಮೇಲೆ ಅಳುತ್ತಾಳೆ. ಯಾವುದಿದ್ದರೂ ಮುಂದಿನ ಭಾನುವಾರ ಫೋನು ಅಡುಗೆಮನೆಯ ಕಿಟಕಿಯಲ್ಲೇ ಇರುತ್ತದೆ.

ಕ್ಯಾರಲ್‌ಳ ಮದುವೆ ನಿಶ್ಚಯವಾದ ಹಾಗೆ ನಡೆಯಲಿ, ಅಲ್ಲಿಯ ಬಿಸಿಲು ನಿಮ್ಮ ನೆತ್ತಿಗೆ ಹಗುರವಾಗಿರಲಿ. ನಾಳೆ ನನ್ನ ಸ್ವರ ಗಂಟಲು ದಾಟಲಿ ಎಂದು ನಿಮ್ಮ ಜಪಮಾಲೆಯ ಒಂದು ಮಣಿಯನ್ನು ನನಗಾಗಿ ಸರಿಸಿ. ಪತ್ರ ತಲುಪುವಾಗ ಹೊತ್ತು ಮೀರಿರುತ್ತದೆ, ಆದರೂ ಸರಿಸಿ.

ನಿಮ್ಮ ಡಬ್ಬಿಯನ್ನು ಮಡಿಲಲ್ಲಿ ಹೊತ್ತವಳು,
ಚೈತಾಲಿ